ಸತ್ತ ಪೈಲಟ್ ಉತ್ತರ ಕೊಡೋಕೆ ಬರಲ್ಲ

ಮಿಲಿಟರಿ ವಿಮಾನ ಬಿದ್ದ ದಿನ ನಮ್ಮ ಟಿವಿಗಳಲ್ಲಿ ಮೂರೇ ಪ್ರಶ್ನೆ. ಎಷ್ಟು ಜನ ಸತ್ತರು? ಪಿತೂರಿ ಇದೆಯಾ? ಪೈಲಟ್ ತಪ್ಪು ಮಾಡಿದರಾ? ನಾಲ್ಕು ದಿನಕ್ಕೆ ಸುದ್ದಿ ಮುಗಿಯಿತು. ತನಿಖೆ ಮುಗಿಯೋ ಹೊತ್ತಿಗೆ ಕ್ಯಾಮೆರಾ ಬೇರೆ ಕಡೆ ತಿರುಗಿರುತ್ತೆ. ನಿಜವಾದ ಕಥೆ ಶುರುವಾಗೋದೇ ಅಲ್ಲಿಂದ.

ಬೆಂಗಳೂರಿನಿಂದಲೇ ಆರಂಭಿಸೋಣ. ಎಚ್‌ಎಎಲ್ ಕಡೆ ಹೋಗುವಾಗ ಸುರಂಜನ್ ದಾಸ್ ರಸ್ತೆ ಸಿಗುತ್ತೆ. ಯಾರು ಈ ದಾಸ್? 1961ರ ಜೂನ್ 17ರಂದು, ಎಚ್‌ಎಎಲ್‌ನಲ್ಲಿ ಸಿದ್ಧವಾದ ಮರುತ್ ಯುದ್ಧವಿಮಾನವನ್ನು ಮೊದಲ ಸಲ ಹಾರಿಸಿದವರು. ವಿಮಾನದ ವಿನ್ಯಾಸ ಜರ್ಮನಿಯ ಕರ್ಟ್ ಟ್ಯಾಂಕ್ ಅವರದ್ದು. ವಿನ್ಯಾಸ ಚೆನ್ನಾಗಿತ್ತು, ಆದರೆ ಅದಕ್ಕೆ ತಕ್ಕ ಇಂಜಿನ್ ಕೊನೆವರೆಗೂ ಸಿಗಲಿಲ್ಲ. ಇದ್ದ ಇಂಜಿನ್‌ಗೇ ಬಲ ತುಂಬುವ ಪ್ರಯೋಗ ನಡೆಯಿತು. 1970ರ ಜನವರಿ 10ರಂದು ಅಂಥದ್ದೇ ಒಂದು ಪರೀಕ್ಷಾ ಹಾರಾಟದಲ್ಲಿ ಗ್ರೂಪ್ ಕ್ಯಾಪ್ಟನ್ ದಾಸ್ ಜೀವ ತೆತ್ತರು. ರಸ್ತೆಗೆ ಹೆಸರು ಬಂತು. ಇಂಜಿನ್ ಮಾತ್ರ ಬರಲೇ ಇಲ್ಲ.

ಮುಂದೆ ಮಿಗ್ ಕಾಲ. 2012ರಲ್ಲಿ ರಕ್ಷಣಾ ಸಚಿವ ಎ.ಕೆ. ಆಂಟನಿ ಸಂಸತ್ತಿಗೆ ಕೊಟ್ಟ ಲೆಕ್ಕ ನೋಡಿ. ತರಿಸಿದ ಮಿಗ್‌ಗಳು 872. ಆ ವರ್ಷದ ಏಪ್ರಿಲ್‌ವರೆಗೆ ಅಪಘಾತಗಳು 482. ಸತ್ತ ಪೈಲಟ್‌ಗಳು 171. ನೆಲದ ಮೇಲಿದ್ದ ನಾಗರಿಕರು 39. ಕಾರಣ? ಮನುಷ್ಯರ ತಪ್ಪು, ತಾಂತ್ರಿಕ ದೋಷ, ಎರಡೂ ಅಂದಿತು ಸರ್ಕಾರ.

ಆದರೆ ಆ ತಪ್ಪು ಹುಟ್ಟಿದ್ದೆಲ್ಲಿ? ನಿಧಾನದ ತರಬೇತಿ ವಿಮಾನದಲ್ಲಿ ಕಲಿತ ಹುಡುಗ ಹೆಚ್ಚುಕಡಿಮೆ ನೇರವಾಗಿ ಮಿಗ್‌-21ಕ್ಕೆ ಏರಬೇಕಿತ್ತು. ಮೊಪೆಡ್ ಕಲಿತವನಿಗೆ ರೇಸ್ ಬೈಕ್ ಕೊಟ್ಟ ಹಾಗೆ. ನಡುವೆ ಒಂದು ಸುಧಾರಿತ ಜೆಟ್ ತರಬೇತಿ ವಿಮಾನ ಬೇಕು ಅಂತ ಲಾ ಫಾಂಟೇನ್ ಸಮಿತಿ ಹೇಳಿದ್ದು 1982ರಲ್ಲಿ. ಹಾಕ್ ವಿಮಾನ ನಮ್ಮ ಬೀದರ್‌ಗೆ ಬಂದು ವಾಯುಪಡೆ ಸೇರಿದ್ದು 2008ರಲ್ಲಿ. ಲೆಕ್ಕ ಹಾಕಿ, ಇಪ್ಪತ್ತಾರು ವರ್ಷ! ಆ ಇಪ್ಪತ್ತಾರು ವರ್ಷ ಫೈಲ್ ಹಿಡಿದು ಕೂತವರ ಹೆಸರು ಯಾವ ಅಪಘಾತದ ವರದಿಯಲ್ಲೂ ಪೈಲಟ್ ಹೆಸರಿನ ಪಕ್ಕ ಬರಲ್ಲ.

2009ರ ಮಾರ್ಚ್ 6. ಬಿಡದಿ ಹತ್ತಿರದ ಶೇಷಗಿರಿಹಳ್ಳಿ. ಸರಸ್ ವಿಮಾನ ಬಿತ್ತು. ಅದು ನಾಗರಿಕ ವಿಮಾನದ ಮಾದರಿ, ಆದರೆ ಅದರಲ್ಲಿದ್ದ ಮೂವರೂ ವಾಯುಪಡೆಯವರು: ವಿಂಗ್ ಕಮಾಂಡರ್ ಪ್ರವೀಣ್ ಕೋಟೆಕೊಪ್ಪ, ವಿಂಗ್ ಕಮಾಂಡರ್ ದೀಪೇಶ್ ಶಾ, ಸ್ಕ್ವಾಡ್ರನ್ ಲೀಡರ್ ಇಳಯರಾಜ. ಒಂದು ಇಂಜಿನ್ ನಿಲ್ಲಿಸಿ ಆಕಾಶದಲ್ಲೇ ಮತ್ತೆ ಚಾಲೂ ಮಾಡುವ ಪರೀಕ್ಷೆ ಅದು. ವಿನ್ಯಾಸಕರು ಬರೆದುಕೊಟ್ಟ ಕ್ರಮವೇ ತಪ್ಪಾಗಿತ್ತು, ಎತ್ತರವೂ ಸಾಲದಾಗಿತ್ತು ಎಂದಿತು ತನಿಖೆ. ತನಿಖೆ ಕಾಕ್‌ಪಿಟ್‌ಗೇ ನಿಂತುಬಿಟ್ಟಿದ್ದರೆ ಇದು ಗೊತ್ತಾಗುತ್ತಿರಲಿಲ್ಲ.

ಈಗ ಕೂನೂರಿಗೆ ಬನ್ನಿ. 2021ರ ಡಿಸೆಂಬರ್ 8. ಸೂಲೂರಿನಿಂದ ವೆಲ್ಲಿಂಗ್ಟನ್‌ಗೆ ಹೊರಟ ಎಂಐ-17 ಹೆಲಿಕಾಪ್ಟರ್‌ನಲ್ಲಿ ಜನರಲ್ ಬಿಪಿನ್ ರಾವತ್ ಸೇರಿ 14 ಮಂದಿ. ಉಳಿದಿದ್ದ ಒಬ್ಬರೇ ಒಬ್ಬರು, ಗ್ರೂಪ್ ಕ್ಯಾಪ್ಟನ್ ವರುಣ್ ಸಿಂಗ್, ಒಂದು ವಾರದ ನಂತರ ಬೆಂಗಳೂರಿನ ಆಸ್ಪತ್ರೆಯಲ್ಲಿ ಕಣ್ಣು ಮುಚ್ಚಿದರು. ಪಿತೂರಿಯ ಕಥೆಗಳು ಹಬ್ಬಿದವು. ಜನವರಿ 14ಕ್ಕೆ ವಾಯುಪಡೆ ಹೇಳಿತು: ಯಂತ್ರ ಕೆಟ್ಟಿಲ್ಲ, ವಿಧ್ವಂಸಕ ಕೃತ್ಯ ಅಲ್ಲ, ನಿರ್ಲಕ್ಷ್ಯವೂ ಅಲ್ಲ. ಕಣಿವೆಯಲ್ಲಿ ಹವಾಮಾನ ದಿಢೀರ್ ಬದಲಾಗಿ ಹೆಲಿಕಾಪ್ಟರ್ ಮೋಡಕ್ಕೆ ಹೊಕ್ಕಿತು, ಪೈಲಟ್‌ಗೆ ದಿಕ್ಕು ತಪ್ಪಿತು.

ಕೊಪ್ಪ, ಶೃಂಗೇರಿ, ನರಸಿಂಹರಾಜಪುರದ ಜನಕ್ಕೆ ಇದನ್ನ ಬಿಡಿಸಿ ಹೇಳಬೇಕಿಲ್ಲ. ಮಳೆಗಾಲದಲ್ಲಿ ಆಗುಂಬೆ ಕಡೆ ಹೊರಟರೆ ಎದುರಿಗಿದ್ದ ಗುಡ್ಡ ಕಣ್ಣು ಮಿಟುಕಿಸುವಷ್ಟರಲ್ಲಿ ಮಾಯ. ನಾವು ಗಾಡಿ ಪಕ್ಕಕ್ಕೆ ಹಾಕಿ ಕಾಯ್ತೀವಿ. ವೇಗದಲ್ಲಿ ಹಾರ್ತಿರೋ ಹೆಲಿಕಾಪ್ಟರನ್ನ ಹಾಗೆ ಪಕ್ಕಕ್ಕೆ ಹಾಕೋಕಾಗುತ್ತಾ? ಮೋಡದೊಳಗೆ ಕಣ್ಣಿಗೆ ಏನೂ ಕಾಣಲ್ಲ. ದೇಹದ ಸಮತೋಲ ಕಾಯುವ ಒಳಕಿವಿಯೂ ಮೋಸ ಮಾಡುತ್ತೆ. ವಾಲಿದ್ದರೂ ನೆಟ್ಟಗಿದ್ದೀವಿ ಅನ್ನಿಸುತ್ತೆ.

2024ರ ಡಿಸೆಂಬರ್‌ನಲ್ಲಿ ಸಂಸದೀಯ ಸಮಿತಿಯ ವರದಿ ಬಂತು. 2017ರಿಂದ 2022ರ ನಡುವೆ ವಾಯುಪಡೆಯಲ್ಲಿ 34 ಅಪಘಾತ. ಪಟ್ಟಿಯಲ್ಲಿ ಕೂನೂರಿನ ಎದುರು ಕಾರಣ ಅಂತ ಬರೆದದ್ದು ಇಷ್ಟೇ: ಮಾನವ ದೋಷ, ಸಿಬ್ಬಂದಿಯದ್ದು. ಮೋಡ, ಕಣಿವೆ, ಹವಾಮಾನ, ಎಲ್ಲವೂ ಆ ಒಂದು ಸಾಲಿನಲ್ಲಿ ಕರಗಿಹೋದವು.

ಪೈಲಟ್‌ಗಳು ತಪ್ಪೇ ಮಾಡಲ್ಲ ಅಂತ ನಾನು ಹೇಳ್ತಿಲ್ಲ. ಮಾಡ್ತಾರೆ, ಮನುಷ್ಯರು. ಆದರೆ ಆ ತಪ್ಪಿನ ಹಿಂದೆ ಸಿಗದ ಇಂಜಿನ್ ಇತ್ತಾ, ಬಾರದ ತರಬೇತಿ ವಿಮಾನ ಇತ್ತಾ, ಮೇಜಿನ ಮೇಲೆ ಬರೆದ ತಪ್ಪು ಕ್ರಮ ಇತ್ತಾ? ಗುಟ್ಟಾಗಿ ಇಡಬೇಕಾದ್ದನ್ನು ಇಟ್ಟುಕೊಳ್ಳಿ, ಉಳಿದಿದ್ದನ್ನು ಜನರ ಮುಂದಿಡಿ. ಮನೆಮಗನನ್ನ ಕಳಕೊಂಡ ತಾಯಿಗೆ ತ್ರಿವರ್ಣ ಧ್ವಜದ ಜೊತೆ ಪೂರ್ತಿ ಉತ್ತರವನ್ನೂ ಕೊಡಿ. ಮುಂದಿನ ವಿಮಾನ ಹತ್ತುವ ಹುಡುಗನಿಗೂ ಬೇಕಾಗಿರೋದು ಅದೇ ಉತ್ತರ.