ನಾಗರಹಾವು ಚಲನಚಿತ್ರದಲ್ಲಿ ಚಿತ್ರದುರ್ಗ

'ನಾಗರಹಾವು' ೧೯೭೨ರಲ್ಲಿ ತೆರೆಕಂಡ ಕನ್ನಡ ಚಲನಚಿತ್ರ. ಇದರ ನಿರ್ದೇಶಕರು ಎಸ್. ಆರ್. ಪುಟ್ಟಣ್ಣ ಕಣಗಾಲ್, ನಿರ್ಮಾಪಕರು ಎನ್. ವೀರಾಸ್ವಾಮಿ. ತ. ರಾ. ಸುಬ್ಬರಾಯರ (ತ.ರಾ.ಸು.) 'ನಾಗರಹಾವು', 'ಒಂದು ಗಂಡು ಎರಡು ಹೆಣ್ಣು' ಮತ್ತು 'ಸರ್ಪಮತ್ಸರ' ಕಾದಂಬರಿಗಳನ್ನು ಇದು ಆಧರಿಸಿದೆ. ವಿಷ್ಣುವರ್ಧನ್ ನಾಯಕರಾಗಿ ನಟಿಸಿದ ಮೊದಲ ಚಿತ್ರವಿದು. ಅಂಬರೀಶ್ ಅವರ ಚಿತ್ರಜೀವನ ಆರಂಭವಾದದ್ದೂ ಇದರಿಂದಲೇ. ಕಥೆ ನಡೆಯುವ ಚಿತ್ರದುರ್ಗದ ಕೋಟೆಯಲ್ಲಿಯೇ ಅನೇಕ ದೃಶ್ಯಗಳನ್ನು ಚಿತ್ರೀಕರಿಸಲಾಗಿದೆ.

ಕಥಾವಸ್ತು

ಸಂಪ್ರದಾಯಸ್ಥ ಮನೆತನದ ರಾಮಾಚಾರಿ (ವಿಷ್ಣುವರ್ಧನ್) ಮುಂಗೋಪಿ ಯುವಕ. ಊರೇ ದೂರುವ ಅವನನ್ನು ಮಗನಂತೆ ಕಾಣುವವರು ಮಕ್ಕಳಿಲ್ಲದ ಚಾಮಯ್ಯ ಮೇಷ್ಟ್ರು (ಕೆ. ಎಸ್. ಅಶ್ವಥ್) ಮತ್ತು ತುಂಗಮ್ಮ (ಲೀಲಾವತಿ). ಮೇಷ್ಟ್ರ ಮಾತಿಗೆ ಕಟ್ಟುಬಿದ್ದು ಅವನು ಅಲಮೇಲುವನ್ನು (ಆರತಿ) ತ್ಯಾಗ ಮಾಡುತ್ತಾನೆ. ಮದುವೆಯಾದ ಅವಳು ವೇಶ್ಯಾವೃತ್ತಿಗೆ ತಳ್ಳಲ್ಪಟ್ಟಿರುವುದು ಮುಂದೆ ಅವನಿಗೆ ತಿಳಿಯುತ್ತದೆ. ಕ್ರೈಸ್ತ ಯುವತಿ ಮಾರ್ಗರೆಟ್‌ಳೊಂದಿಗಿನ (ಶುಭಾ) ಪ್ರೇಮಕ್ಕೂ ಮೇಷ್ಟ್ರು ಅಡ್ಡಿಯಾದಾಗ ಬೆಟ್ಟದ ಮೇಲೆ ದುರಂತ ಸಂಭವಿಸಿ ಮೂವರೂ ಸಾವನ್ನಪ್ಪುತ್ತಾರೆ.

ಊರಿನ ಚಿತ್ರಣ

ಚಿತ್ರದುರ್ಗವು ಪಾಳೆಯಗಾರ ನಾಯಕರ ರಾಜಧಾನಿಯಾಗಿದ್ದು, ೧೭೭೯ರಲ್ಲಿ ಹೈದರಾಲಿಯ ವಶವಾಯಿತು. ಹೈದರನ ಸೈನಿಕರನ್ನು ಒನಕೆಯಿಂದ ಎದುರಿಸಿದ ಓಬವ್ವನ ಕಥೆ ಚಿತ್ರದ ಒಂದು ಗೀತೆಯಲ್ಲಿ ಮೂಡಿಬಂದಿದೆ. ಆ ಪಾತ್ರವನ್ನು ಜಯಂತಿ ನಿರ್ವಹಿಸಿದ್ದಾರೆ. ಆದರೆ ಉಳಿದಂತೆ ಏಳು ಸುತ್ತಿನ ಕೋಟೆಯು ಇಲ್ಲಿ ಚರಿತ್ರೆಯ ಸ್ಮಾರಕವಷ್ಟೇ ಅಲ್ಲ. ಹುಡುಗರು ಅಲೆದಾಡುವ, ಪ್ರೇಮಿಗಳು ಸಂಧಿಸುವ, ಮನನೊಂದವನು ಒಂಟಿಯಾಗಿ ಕೂರುವ ನಿತ್ಯದ ತಾಣ. ಕೆಳಗಿನ ಊರಿನಲ್ಲಿ ಮನೆ, ಬೀದಿ, ಕಾಲೇಜುಗಳ ಬದುಕು ಸಾಗುತ್ತದೆ. ಕೋಟೆಯ ಕಲ್ಲಿನ ಗೋಡೆಗಳನ್ನು ಲೀಲಾಜಾಲವಾಗಿ ಏರುವ ನಾಯಕನಿಗೆ ಜಾತಿ-ಮತಗಳ ಗೋಡೆಯನ್ನು ದಾಟಲಾಗುವುದಿಲ್ಲ. ಆ ಗೋಡೆಯನ್ನು ಕಾಯುವವರು ದುಷ್ಟರಲ್ಲ, ಅವನ ಹಿತವನ್ನೇ ಬಯಸುವ ಗುರುಗಳು ಎಂಬುದು ಕಥೆಯ ಮುಖ್ಯ ಸಂಘರ್ಷ. ಶಿಷ್ಯನ ವಿಧೇಯತೆಯೇ ಇಬ್ಬರು ಹೆಣ್ಣುಮಕ್ಕಳ ಬಾಳಿಗೂ ಮುಳುವಾಗುತ್ತದೆ.

ಕಾದಂಬರಿಕಾರರ ಆಕ್ಷೇಪ

ಚಿತ್ರದುರ್ಗದ ಪರಿಸರವನ್ನು ಅನೇಕ ಕಾದಂಬರಿಗಳಲ್ಲಿ ಚಿತ್ರಿಸಿದ ತ.ರಾ.ಸು. ಅವರಿಗೆ ಚಿತ್ರದ ರೂಪಾಂತರ ಒಪ್ಪಿಗೆಯಾಗಲಿಲ್ಲ. ತೆರೆಯ ಮೇಲಿರುವುದು ನಾಗರಹಾವಲ್ಲ, ಕೇರೆಹಾವು ಎಂಬ ಅರ್ಥದಲ್ಲಿ ಅವರು ಆಕ್ಷೇಪಿಸಿದ್ದು ಪ್ರಸಿದ್ಧವಾಗಿದೆ. ಆದರೂ ಪ್ರೇಕ್ಷಕರು ಚಿತ್ರವನ್ನು ಅಪಾರವಾಗಿ ಮೆಚ್ಚಿದರು; 'ಚಾಮಯ್ಯ ಮೇಷ್ಟ್ರು' ಎಂಬ ಹೆಸರು ಆದರ್ಶ ಶಿಕ್ಷಕನಿಗೆ ಪರ್ಯಾಯವಾಗಿ ಬಳಕೆಗೆ ಬಂದಿತು.

ಇತರ ಆವೃತ್ತಿಗಳು

ಪುಟ್ಟಣ್ಣನವರೇ ಇದನ್ನು ಹಿಂದಿಯಲ್ಲಿ 'ಜಹರೀಲಾ ಇನ್ಸಾನ್' (೧೯೭೪) ಎಂದು ನಿರ್ದೇಶಿಸಿದರು. ರಿಷಿ ಕಪೂರ್ ನಾಯಕರಾಗಿದ್ದರು. ತಮಿಳು ಮತ್ತು ತೆಲುಗಿನಲ್ಲಿಯೂ ಚಿತ್ರ ಮರುನಿರ್ಮಾಣಗೊಂಡಿತು. ನವೀಕರಿಸಿದ ಕನ್ನಡ ಪ್ರತಿ ೨೦೧೮ರಲ್ಲಿ ಮತ್ತೆ ತೆರೆಕಂಡಿತು.