ಬಿಲ್ಲೆಯಾಕಾರದ ಅಣು ಮತ್ತು ಪ್ಯಾನಲ್ ಉದ್ಯಮದ ಲಾಭ: ಬೆಂಗಳೂರಿನ ಒಂದು ಶೋಧದ ಜಾಡು

ಡಿಸ್‌ಪ್ಲೇ ಪ್ಯಾನಲ್ ಉದ್ಯಮದ ಬಗ್ಗೆ ನಮ್ಮಲ್ಲಿ ಮಾತು ಬಂದಾಗಲೆಲ್ಲ ಕಾರ್ಖಾನೆ ಯಾವ ರಾಜ್ಯದ ಪಾಲಾಯಿತು, ಬಂಡವಾಳ ಎಷ್ಟು ಕೋಟಿ ಎಂಬಲ್ಲಿಗೇ ಚರ್ಚೆ ನಿಲ್ಲುತ್ತದೆ. ಆ ಪ್ಯಾನಲ್ಲಿನ ಒಳಗೆ ಸೇರುವ ಪದಾರ್ಥಗಳನ್ನು ಯಾರು ತಯಾರಿಸುತ್ತಾರೆ ಎಂಬುದು ಅದಕ್ಕಿಂತ ಮುಖ್ಯವಾದ ಪ್ರಶ್ನೆ ಎಂಬುದು ಈ ಟಿಪ್ಪಣಿಯ ವಾದ. ಅದಕ್ಕೆ ಆಧಾರ ಮಲ್ಲೇಶ್ವರದ ಪಕ್ಕದಲ್ಲೇ ಇದೆ.

1971ರಲ್ಲಿ ಎಸ್. ಚಂದ್ರಶೇಖರ್ ಮೈಸೂರು ವಿಶ್ವವಿದ್ಯಾಲಯವನ್ನು ಬಿಟ್ಟು, ಸಿ.ವಿ. ರಾಮನ್ ಕಟ್ಟಿದ್ದ ರಾಮನ್ ಸಂಶೋಧನಾ ಸಂಸ್ಥೆಗೆ ಬಂದು ದ್ರವಸ್ಫಟಿಕ ಪ್ರಯೋಗಾಲಯವನ್ನು ಆರಂಭಿಸಿದರು. ದ್ರವಸ್ಫಟಿಕವಾಗಲು ಅಣು ಕಡ್ಡಿಯ ಆಕಾರದಲ್ಲೇ ಇರಬೇಕು ಎಂಬ ನಂಬಿಕೆ ಆಗ ಬಲವಾಗಿತ್ತು. 1977ರಲ್ಲಿ ಅವರು, ಬಿ.ಕೆ. ಸದಾಶಿವ ಮತ್ತು ಕೆ.ಎ. ಸುರೇಶ್ ಅವರೊಂದಿಗೆ, ಬೆಂಜೀನ್ ಉಂಗುರದ ಸುತ್ತ ಆರು ಉದ್ದನೆಯ ಸರಪಳಿಗಳಿರುವ ಚಪ್ಪಟೆ ಅಣುಗಳೂ ಒಂದರ ಮೇಲೊಂದು ಪೇರಿಸಿಕೊಂಡು ದ್ರವಸ್ಫಟಿಕವಾಗುತ್ತವೆ ಎಂದು ತೋರಿಸಿದರು. ಲೇಖನ ಪ್ರಕಟವಾದದ್ದು ಬೆಂಗಳೂರಿನಿಂದಲೇ ಹೊರಡುವ ‘ಪ್ರಮಾಣ’ ಪತ್ರಿಕೆಯಲ್ಲಿ.

ಈ ಅಣುಗಳು ಉದ್ಯಮಕ್ಕೆ ಬೇಕಾದ ಬಗೆಯನ್ನು ತಿಳಿಯಲು ಎಸ್.ಪಿ. ರಸ್ತೆಯ ರಿಪೇರಿ ಅಂಗಡಿಯಲ್ಲಿ ಒಂದು ಹಳೆಯ ಲ್ಯಾಪ್‌ಟಾಪ್ ಪರದೆಯನ್ನು ಓರೆಯಾಗಿಸಿ ನೋಡಿದರೆ ಸಾಕು. ನೇರ ನೋಡಿದಾಗ ಕಪ್ಪಾಗಿದ್ದದ್ದು ಬೂದುಬಣ್ಣಕ್ಕೆ ತಿರುಗುತ್ತದೆ, ಕೆಳಗಿನಿಂದ ನೋಡಿದರೆ ಬಣ್ಣಗಳು ತಲೆಕೆಳಗಾಗುತ್ತವೆ. ಕಪ್ಪು ತೋರಿಸುವಾಗ ಕಡ್ಡಿ ಅಣುಗಳು ನೆಟ್ಟಗೆ ನಿಲ್ಲಬೇಕು. ಆದರೆ ಗಾಜಿಗೆ ಹತ್ತಿರವಿರುವವು ಪೂರ್ತಿ ಏಳುವುದಿಲ್ಲ, ಆದ್ದರಿಂದ ಓರೆಯಲ್ಲಿ ಬೆಳಕು ಸೋರುತ್ತದೆ. ಬಿಲ್ಲೆ ಅಣುಗಳ ದೃಗ್ಗುಣ ಕಡ್ಡಿಗಳದ್ದಕ್ಕೆ ವಿರುದ್ಧ. ಅವನ್ನು ಅದೇ ರೀತಿ ಹಂತಹಂತವಾಗಿ ಓರೆಯಾಗಿಸಿ ತೆಳು ಫಿಲ್ಮಿನ ಮೇಲೆ ಗಟ್ಟಿಮಾಡಿ ಅಂಟಿಸಿದರೆ ಸೋರಿಕೆ ಬಹಳಷ್ಟು ತಗ್ಗುತ್ತದೆ. 1990ರ ದಶಕದಲ್ಲಿ ಇದನ್ನು ಮಾರುಕಟ್ಟೆಗೆ ತಂದದ್ದು ಜಪಾನಿನ ಫ್ಯೂಜಿ ಫಿಲ್ಮ್. ಬಳಸಿದ ಅಣು ಬೆಂಗಳೂರಿನದ್ದೇ ಅಲ್ಲ, ಟ್ರೈಫೀನೈಲೀನ್ ವರ್ಗದ್ದು. ಆದರೆ ಬಿಲ್ಲೆಗಳ ದಾರಿ ತೆರೆದದ್ದು ಇಲ್ಲಿ.

ಫ್ಯೂಜಿ ಪ್ಯಾನಲ್ ಕಾರ್ಖಾನೆ ಕಟ್ಟಲಿಲ್ಲ ಎಂಬುದನ್ನು ಗಮನಿಸಬೇಕು. ಕಟ್ಟಿದವರ ಪಾಡು ಕಷ್ಟದ್ದು. ಪ್ಯಾನಲ್‌ಗಳನ್ನು ಕತ್ತರಿಸಿ ತೆಗೆಯುವ ಎಂಟೂವರೆ ತಲೆಮಾರಿನ ಗಾಜಿನ ಹಾಳೆ 2200×2500 ಮಿ.ಮೀ.; ಅದರಲ್ಲಿ 65 ಇಂಚಿನ ಮೂರು ಪ್ಯಾನಲ್‌ಗಳಷ್ಟೇ ಸಿಗುತ್ತವೆ, ಮಿಕ್ಕ ಗಾಜಿನ ದೊಡ್ಡ ಪಾಲು ಆ ಅಳತೆಗೆ ಒದಗುವುದಿಲ್ಲ. ಹತ್ತೂವರೆ ತಲೆಮಾರಿನ 2940×3370 ಮಿ.ಮೀ. ಗಾಜಿನಲ್ಲಿ ಎಂಟು. ಗಾಜಿನ ವಿಸ್ತಾರ ಎರಡು ಪಟ್ಟೂ ಹೆಚ್ಚಿಲ್ಲ, ಪ್ಯಾನಲ್ ಎರಡೂವರೆ ಪಟ್ಟಿಗೂ ಮೀರಿತು. 2018ರಲ್ಲಿ ಚೀನಾದ ಬಿಒಇ ಹೆಫೆಯಲ್ಲಿ ಆ ಗಾತ್ರದ ಉತ್ಪಾದನೆಗೆ ಇಳಿದ ಮೇಲೆ ಹಿಂದಿನ ತಲೆಮಾರಿನ ಕಾರ್ಖಾನೆಗಳು ಬೆಲೆಯಲ್ಲಿ ಸರಿಗಟ್ಟುವುದು ದುಸ್ತರವಾಯಿತು. ಸ್ಯಾಮ್‌ಸಂಗ್ ಡಿಸ್‌ಪ್ಲೇ 2022ರಲ್ಲಿ ಎಲ್‌ಸಿಡಿಯಿಂದ ಹೊರಬಂದಿತು. ಸಕಾಯಿಯ ಶಾರ್ಪ್ ಕಾರ್ಖಾನೆಯಲ್ಲಿ 2024ರಲ್ಲಿ ಟಿವಿ ಪ್ಯಾನಲ್ ತಯಾರಿಕೆ ನಿಂತಿತು. ಬೆಲೆ ಏರಿದಾಗ ಎಲ್ಲರೂ ಸಾಮರ್ಥ್ಯ ಹೆಚ್ಚಿಸುವುದು, ಸರಕು ತುಂಬಿ ಬೆಲೆ ಕುಸಿಯುವುದು: ಉದ್ಯಮದವರು ಇದನ್ನು ‘ಕ್ರಿಸ್ಟಲ್ ಸೈಕಲ್’ ಎನ್ನುತ್ತಾರೆ. ಯಾವ ಎಲ್‌ಸಿಡಿ ಕಾರ್ಖಾನೆ ಗೆದ್ದರೂ ಫಿಲ್ಮ್ ಮತ್ತು ದ್ರವಸ್ಫಟಿಕ ಬೇಕೇ ಬೇಕು.

ಬೆಂಗಳೂರಿಗೆ ಈ ಬುನಾದಿ ಇತ್ತು. ರಾಮನ್ ಸಂಸ್ಥೆಯಲ್ಲೇ ಟಿ.ಎನ್. ರುಕ್ಮಾಂಗದನ್ 1980ರ ದಶಕದಲ್ಲಿ, ಪರದೆಯ ಹಲವು ಸಾಲುಗಳನ್ನು ಒಟ್ಟಿಗೆ ಚಾಲನೆ ಮಾಡುವ ವಿಧಾನಗಳನ್ನು ರೂಪಿಸಿದರು. 1991ರಲ್ಲಿ ಚಂದ್ರಶೇಖರ್ ಸ್ಥಾಪಿಸಿದ ದ್ರವಸ್ಫಟಿಕ ಸಂಶೋಧನಾ ಕೇಂದ್ರಕ್ಕೆ ಜಾಲಹಳ್ಳಿಯಲ್ಲಿ ನೆಲೆ ಕೊಟ್ಟದ್ದು ಬಿಇಎಲ್. ಆದರೂ ಇಲ್ಲಿನ ಬಂಡವಾಳ ಕಾರ್ಖಾನೆಯ ಕಡೆಗೇ ವಾಲಿತು: 2022ರಲ್ಲಿ ಬೆಂಗಳೂರಿನ ರಾಜೇಶ್ ಎಕ್ಸ್‌ಪೋರ್ಟ್ಸ್‌ನ ಅಂಗಸಂಸ್ಥೆ ಎಲೆಸ್ಟ್ ತೆಲಂಗಾಣದಲ್ಲಿ ಅಮೋಲೆಡ್ ಕಾರ್ಖಾನೆಗೆ ಒಪ್ಪಂದ ಮಾಡಿಕೊಂಡಿತು, ಹೂಡಿಕೆಯ ಅಂದಾಜು 24,000 ಕೋಟಿ ರೂಪಾಯಿ.

ಆ ಮೊತ್ತದ ಸಣ್ಣ ಪಾಲನ್ನು ಧ್ರುವಕ ಫಿಲ್ಮ್, ದ್ರವಸ್ಫಟಿಕ ಮಿಶ್ರಣ, ದೃಗ್ಗುಣ ಸರಿದೂಗಿಸುವ ಫಿಲ್ಮ್‌ಗಳ ತಯಾರಿಕೆಗೆ ತೊಡಗಿಸುವ ಉದ್ಯಮಿಗೆ ಈ ಊರಿನಲ್ಲಿ ರಸಾಯನಜ್ಞರೂ ಭೌತವಿಜ್ಞಾನಿಗಳೂ ಸಿಗುತ್ತಾರೆ. ರಾಜ್ಯದ ಕೈಗಾರಿಕಾ ನೀತಿ ಅಂಥವರನ್ನು ಪ್ಯಾನಲ್ ಕಾರ್ಖಾನೆಗಿಂತ ಮೊದಲು ಹುಡುಕಬೇಕೆಂಬುದು ನನ್ನ ಖಚಿತ ಅಭಿಪ್ರಾಯ.