ದೇವರ ಜಗಲಿಯಿಂದ ಅಚ್ಚುಕೂಟಕ್ಕೆ

ವಚನಗಳ ಓಲೆಗರಿ ಕಟ್ಟುಗಳು ದೇವರ ಜಗಲಿಯ ಮೇಲೆ ಪೂಜೆಗೊಳ್ಳುತ್ತಿದ್ದ ಕಾಲ. ಬಿಚ್ಚಿ ಓದುವವರು ವಿರಳ. 1904ರಲ್ಲಿ ವೀರಶೈವ ಮಹಾಸಭೆ ಹುಟ್ಟಿ, ಸಮುದಾಯದಲ್ಲಿ ಶಿಕ್ಷಣ, ಸ್ಥಾನಮಾನಗಳ ಚರ್ಚೆ ನಡೆದಿತ್ತು. ಆದರೆ ‘ನಾವು ಯಾರು?’ ಎಂಬ ಪ್ರಶ್ನೆಗೆ ಉತ್ತರವಿದ್ದದ್ದು ಆ ಕಟ್ಟುಗಳಲ್ಲಿ.

ವಿಜಾಪುರದ ವಕೀಲ ಫ.ಗು. ಹಳಕಟ್ಟಿಯವರು ಅವನ್ನು ಹುಡುಕಿ ಊರೂರು ಅಲೆದರು. 1923ರಲ್ಲಿ ‘ವಚನಶಾಸ್ತ್ರಸಾರ’ದ ಮೊದಲ ಭಾಗ ಬಂತು. 1925ರಲ್ಲಿ ಮನೆ ಮಾರಿ ‘ಹಿತಚಿಂತಕ’ ಮುದ್ರಣಾಲಯ ತೆರೆದರು. ಮರುವರ್ಷವೇ ‘ಶಿವಾನುಭವ’ ಪತ್ರಿಕೆ. ವಕೀಲಿಯಲ್ಲಿ ಗಳಿಸಿದ್ದೂ ಅದಕ್ಕೇ ಹೋಯಿತು.

ಅಂಬಿಗರು, ಮಡಿವಾಳರು, ಹೆಣ್ಣುಮಕ್ಕಳು ಆಡಿದ ಮಾತು ಹೀಗೆ ಅಚ್ಚಾಯಿತು. ಅಚ್ಚಾದದ್ದು ಒಂದೇ ಸಮುದಾಯದ ಸೊತ್ತಾಗಿ ಉಳಿದೀತೆ? ಕನ್ನಡ ಓದಬಲ್ಲ ಎಲ್ಲರಿಗೂ ದಕ್ಕಿತು. ಹಳಕಟ್ಟಿಯವರು 1964ರಲ್ಲಿ ತೀರಿಕೊಂಡರು. ಲಿಂಗಾಯತ, ವೀರಶೈವ ಒಂದೋ ಬೇರೆಯೋ ಎಂಬ ಇಂದಿನ ವಾದದಲ್ಲೂ ಎರಡು ಕಡೆಯವರೂ ವಚನಗಳನ್ನೇ ಎತ್ತಿ ತೋರಿಸುತ್ತಾರೆ.